ರಸಮಟ್ಟ

ಈ ಊರಲ್ಲಿ ಸಮುದ್ರ ಇರುವುದು ಒಂದೇ ಕಡೆ:
ಯಶವಂತಪುರ ಸ್ಟೇಷನ್ನಿನ ಹಳದಿ ಹಲಗೆಯ ಕೆಳತುದಿಯಲ್ಲಿ,
‘ಸಮುದ್ರಮಟ್ಟದಿಂದ ಇಷ್ಟು ಮೀಟರು’ ಎಂಬ ಸಣ್ಣ ಅಕ್ಷರದಲ್ಲಿ.
ಅದರ ಕೆಳಗೆ ನಿಂತು ಟೀ ಕುಡಿದು
ದಿನಾ ನಾನು ಹಡಗು ಬರೆಯಲು ಹೋಗುತ್ತಿದ್ದೆ.

ಹಡಗೆಂದರೆ ಪೂರ್ತಿ ಹಡಗಲ್ಲ.
ರಾಜಾಜಿನಗರದ ಇಂಡಸ್ಟ್ರಿಯಲ್ ಎಸ್ಟೇಟು, ಲೇತುಗಳ ಮೇಲಿನ ಮಹಡಿ,
ಹದಿನಾಲ್ಕು ಮೇಜು. ಮೂತಿ ಯಾರದೋ, ಬೆನ್ನು ಯಾರದೋ.
ಜಬೀನಾಗೆ ಮೆಟ್ಟಿಲು. ಪದಕಿಯವರಿಗೆ ಅಡುಗೆಮನೆಯ ಹೊಗೆ ಹೋಗುವ ದಾರಿ.
ನನ್ನ ಪಾಲಿಗೆ ಏಳನೇ ಡೆಕ್ಕಿನ ಬಚ್ಚಲು,
ಮುನ್ನೂರ ಹನ್ನೆರಡು, ಎಲ್ಲ ಒಂದೇ ಅಚ್ಚು.

ಬಾಲ್ಟಿಕ್ ಕಡೆಯ ಯಾವುದೋ ಹಿಮದೂರಲ್ಲಿ
ಉಕ್ಕು ಕೊಯ್ಯುತ್ತಿದ್ದರು. ನಮ್ಮ ಗೆರೆ ರಾತ್ರಿ ಹೊರಟು
ಅವರ ಬೆಳಗಿಗೆ ಮುಟ್ಟುತ್ತಿತ್ತು.
ಮೊದಲ ತುಂಡು ಕೂರಿಸುವಾಗ ಅಡಿಗೊಂದು ನಾಣ್ಯ ಇಡುತ್ತಾರಂತೆ;
ಫೋಟೋ ಬಂತು. ಪದಕಿ ಕನ್ನಡಕ ಏರಿಸಿದರು:
‘ನಾವೂ ಪಾಯಕ್ಕೆ ನವರತ್ನ ಹಾಕ್ತೀವಲ್ಲ.
ನೀರಿಗೂ ಒಂದು ಪಾಯ ಬೇಕು ಅನ್ನಿ.’

ನನಗೆ ಗೊತ್ತಿದ್ದ ಬಚ್ಚಲನ್ನೇ ನಾನು ಬರೆದೆ,
ಶ್ರೀರಾಮಪುರದ ಬಾಡಿಗೆ ಮನೆಯದು:
ಒಂದು ಮೂಲೆ, ಒಂದು ತೂತು, ಅತ್ತ ಇಳಿಜಾರು.
ಗಾರೆಕೆಲಸದ ಅಪ್ಪ ರಸಮಟ್ಟವಿಟ್ಟು
ಗುಳ್ಳೆಯನ್ನು ಕೂದಲೆಳೆಯಷ್ಟು ಸರಿಸಿ ಹೇಳುತ್ತಿದ್ದ,
‘ನೀರಿಗೆ ದಾರಿ ತೋರಿಸಬೇಕು, ತಳ್ಳಬಾರದು.’
ಮುನ್ನೂರ ಹನ್ನೆರಡು ಸಲ ತೋರಿಸಿದೆ.

‘ಕೊರಲಿನಾ’ ಎಂದು ಹೆಸರಿಟ್ಟರು.
ಮೊದಲ ಏಟಿಗೆ ಬಾಟಲಿ ಒಡೆಯಲಿಲ್ಲವಂತೆ.
ನಮ್ಮ ಆಫೀಸು ಮುಚ್ಚಿತು; ನಾನು ಅಪಾರ್ಟ್‌ಮೆಂಟುಗಳ ಸಂಪು ಬರೆದೆ.
ಅದು ಒಡೆಯರನ್ನು ಬದಲಿಸಿತು, ಬಿಳಿ ಹೋಗಿ ನೀಲಿಯಾಯಿತು,
ಒಂದು ವರ್ಷ ನಡುವಿಗೇ ಕೊಯ್ದು ಹೊಸ ತುಂಡು ಸೇರಿಸಿದರು,
ಬೆಳೆದ ಹುಡುಗಿಯ ಲಂಗಕ್ಕೆ ಪಟ್ಟಿ ಕೊಟ್ಟ ಹಾಗೆ.

ಮೊನ್ನೆ ಕಾಕ್ಸ್‌ಟೌನ್ ಮಾರ್ಕೆಟ್ಟಿನ ಹಿಂದೆ, ಇಸ್ತ್ರಿ ಅಂಗಡಿಯಲ್ಲಿ,
ಗೋಡೆಯ ಮೇಲೆ ನೀಲಿ ಹಡಗು.
‘ಕೊರಲಿನಾ’ ಎಂದೆ.
ಏಳುಮಲೈ ಪೆಟ್ಟಿಗೆ ಎತ್ತಿಹಿಡಿದು ನನ್ನನ್ನು ನೋಡಿದ.
ಹನ್ನೊಂದು ವರ್ಷ ಅದರ ಲಾಂಡ್ರಿಯಲ್ಲಿದ್ದನಂತೆ,
ನೀರಿನ ಗೆರೆಗಿಂತ ಕೆಳಗೆ, ಕಿಟಕಿಯಿಲ್ಲದ ಕಡೆ.
‘ಸಮುದ್ರ ನಾನೂ ನೋಡಿದ್ದು ಕಡಿಮೇನೇ ಸಾರ್.
ಆದರೆ ಏಳನೇ ಡೆಕ್ಕು! ಆ ಬಚ್ಚಲು ಬರೆದ ಪುಣ್ಯಾತ್ಮ ಯಾರೋ.
ಹಡಗು ಎಡಕ್ಕೆ ವಾಲಿದ್ರೆ ನೀರು ಹೋಗುತ್ತೆ.
ಬಲಕ್ಕೆ ವಾಲಿದ್ರೆ ಮಂಚದವರೆಗೂ ಬರುತ್ತೆ.
ರಾತ್ರಿ ಎರಡಕ್ಕೆ ಫೋನು: ಟವೆಲು, ಟವೆಲು.
ಒಂದೊಂದು ಗಾಳಿಗೆ ಒಂಬೈನೂರು ಟವೆಲು ಒಗೆದಿದ್ದೀನಿ.’

ಎರಡು ಮೂಲೆಗೆ ಎರಡು ತೂತು. ಅಷ್ಟೇ ಬೇಕಿದ್ದದ್ದು.

‘ಅದು ನಾನೇ’ ಎಂದೆ.
ಅಂಗಿಯ ಒಂದು ತೋಳು ಮುಗಿಸಿದ. ಇನ್ನೊಂದು ತೋಳು ಮುಗಿಸಿದ.
‘ಓವರ್‌ಟೈಮು ಕೊಡ್ತಿದ್ರು ಸಾರ್.
ಈ ಅಂಗಡಿ ಅಡ್ವಾನ್ಸು ಕಟ್ಟಿದ್ದು ಆ ನೀರಲ್ಲೇ.’

ಆಮೇಲೆ ಫೋನು ತೆಗೆದು ತೋರಿಸಿದ.
ರೋಗದ ವರ್ಷಗಳಲ್ಲಿ ಲಂಗರು ಹಾಕಿ ನಿಂತು, ನಾಲ್ಕು ದೀಪ ಹೊತ್ತು,
ಕೊನೆಗೆ ತೂಕದ ಲೆಕ್ಕಕ್ಕೆ ಮಾರಾಟ.
ಕಡೆಯ ಪಯಣಕ್ಕೆ ಹೆಸರಿನ ಬಾಲಕ್ಕೆ ಬಣ್ಣ ಬಳಿದು
ಉಳಿಸಿದ್ದು ‘ಕೊರಲ್’ ಅಷ್ಟೇ.
ಹಳಗನ್ನಡದ ಮೇಷ್ಟ್ರು ತಮ್ಮ ಗಂಟಲು ಮುಟ್ಟಿ ತೋರಿಸಿದ್ದು ನೆನಪಾಯಿತು:
ಕೊರಲ್, ಕೊರಳು.
ಹುಣ್ಣಿಮೆಯ ಉಬ್ಬರದಲ್ಲಿ ಅದು ಗುಜರಾತಿನ ಕೆಸರಿಗೆ ಮೂತಿ ಕೊಟ್ಟು ಏರುತ್ತದೆ,
ಒಂದು ಸಲ ಉದ್ದಕ್ಕೆ ಕೂಗುತ್ತದೆ,
ಮುಂದಿನ ವಿಡಿಯೋದಲ್ಲಿ ಪಕ್ಕೆ ಇಲ್ಲ.
ಸಾಲು ಸಾಲು ಗೂಡು, ಬಿಸಿಲಿಗೆ ಬಿದ್ದ ನನ್ನ ಬಚ್ಚಲುಗಳು.
ಮೊದಲ ಸಲ ನೋಡಿದೆ. ಎಲ್ಲ ಒಣಗಿದ್ದವು.

ಮನೆಗೆ ಬಂದು ಅಟ್ಟದಿಂದ ಅಪ್ಪನ ರಸಮಟ್ಟ ಇಳಿಸಿದೆ.
ಅಂಗೈ ಮೇಲಿಟ್ಟರೆ ಗುಳ್ಳೆ ಅತ್ತ ಹೋಯಿತು, ಇತ್ತ ಬಂತು.
ಅಪ್ಪ ಅದನ್ನು ಗಾರೆಯ ಮೇಲಲ್ಲದೆ ಬೇರೆಲ್ಲೂ
ಇಟ್ಟಿರಲಿಲ್ಲ.