ಓರೆಯಿಟ್ಟ ಸ್ಲೇಟು

ಬೆಥೆಸ್ಡಾದ ಹಿತ್ತಲಲ್ಲಿ ಇದ್ವಲ್‌ನ ಕೊಳ.
ಉದ್ದ ಹನ್ನೆರಡಡಿ, ಆಳ ಮೊಣಕಾಲು.
ಮೀನು ಐದು: ನಾಲ್ಕು ಕಿತ್ತಳೆ,
ಒಂದು ಮುದಿಬಿಳಿಚು. ಅದರ ಹೆಸರು ಪಾದ್ರಿ.

ಮಾರ್ಚಿಯ ಒಂದು ರಾತ್ರಿ, ಯಾರನ್ನೂ ಕೇಳದೆ,
ಕಪ್ಪೆಯೊಂದು ಮೊಟ್ಟೆ ಸುರಿದು ಹೋಗಿತ್ತು:
ಬೆಂದ ಸಬ್ಬಕ್ಕಿ, ಕಾಳಿಗೊಂದು ಕಪ್ಪು ಕಣ್ಣು.
ಪಾದ್ರಿ ಬಂದು ಮೂಸಿತು.
ಒಂದು ನುಂಗಿತು. ಆಮೇಲೆ ಇನ್ನೊಂದು.

ಇದ್ವಲ್ ಬೈಯಲಿಲ್ಲ. ಹಸಿವಿಗೆ ಬೈಗುಳ ನಾಟದು.
ಅಟ್ಟದಿಂದ ಹಳೆಯ ಜಾಲರಿ ಪರದೆ ಇಳಿಸಿ
ಕೊಳದ ಮೂಲೆಗೆ ಅಡ್ಡ ಕಟ್ಟಿದ.
ನೀರು ಹಾಯಬೇಕು, ಬಾಯಿ ಹಾಯಬಾರದು.
"ಅಯ್ಯೋ, ನನ್ನ ಪರದೆ!" ಅಂದಳು ನೆರಿಸ್.
ಅಂದವಳೇ ಸೂಜಿ ತಂದು
ಹರಿದ ಕಡೆಯೆಲ್ಲ ಹೊಲಿದಳು.

ಏಪ್ರಿಲ್ ಪೂರ್ತಿ ಅತ್ತ ತುಟಿಗಳು, ಇತ್ತ ಬಾಲಗಳು,
ನಡುವೆ ಒದ್ದೆ ನೂಲಿನ ಹೂಬಳ್ಳಿ.

ಜೂನಿನಲ್ಲಿ ಕಾಲು ಮೂಡಿದವು.
ಕಾಲು ಬಂದವರನ್ನು ನೀರೇ ಮುಳುಗಿಸೀತು ಎಂದು
ಇದ್ವಲ್ ದಡಕ್ಕೊಂದು ಸ್ಲೇಟು ಓರೆಯಿಟ್ಟ.
ಮೂವತ್ತೊಂದು ವರ್ಷ ಗಣಿಯಲ್ಲಿ
ಪರರ ಮಾಡಿಗೆಂದು ಸೀಳಿದ ಕಲ್ಲು.

ಉಗುರಿನಷ್ಟು ಕಪ್ಪೆ ಹತ್ತಿ ಬಂತು,
ಮೋಟು ಬಾಲ ಇನ್ನೂ ಅಂಟಿಕೊಂಡೇ ಇತ್ತು.
ಕೂತಿತು. ಗಂಟಲು ಮಿಡಿಯಿತು. ಹುಲ್ಲಿಗೆ ಹಾರಿತು.

ಪಾದ್ರಿ ಪರದೆಗೆ ಮೂತಿಯೊತ್ತಿ ಅಲ್ಲೇ ಇತ್ತು.
ಅವನು ಅದಕ್ಕೆ
ಇವತ್ತು ಎರಡು ಕಾಳು ಹೆಚ್ಚು ಹಾಕಿದ.