ಕೈಯಾರೆ ಹಾಕಿದ ಅಂಕಿ

ಮೂವತ್ತೊಂದು ವರ್ಷದಲ್ಲಿ ಫ್ರೌಕ್ಯೆ ವೀರ್ಸ್ಮಾ
ದೂರದರ್ಶಕಕ್ಕೆ ಕಣ್ಣಿಟ್ಟದ್ದು ಎರಡೇ ಸಲ,
ಎರಡು ಸಲವೂ ಮೋಡ.
ಅವಳ ಗೆಲಾಕ್ಸಿಗಳು ಹುಟ್ಟಿದ್ದು ಖ್ರೋನಿಂಗೆನ್ನಿನ
ನೆಲಮಾಳಿಗೆಯಲ್ಲಿ ಗುಂಯ್‌ಗುಡುವ ಯಂತ್ರಗಳೊಳಗೆ,
ಅವಳು ಸೈಕಲ್ಲಿಗೆ ಪಂಕ್ಚರ್ ಹಾಕಿಸುತ್ತಿದ್ದಾಗಲೂ.

ಅನಿಲ ಮೊದಲು ತಣಿಯಬೇಕು.
ಬಿಸಿಯಿದ್ದಷ್ಟು ಕಾಲ ಅದು ಯಾರ ಮಾತೂ ಕೇಳದು,
ಗುರುತ್ವದ್ದೂ.
ಬಿಸಿಹಾಲಿನಲ್ಲಿ ಕ್ಷೀರಪಥವೂ ಹೆಪ್ಪಾಗದು.
ತಣಿದರೆ ಬೀಳುತ್ತದೆ; ಬಿದ್ದು, ಒತ್ತಿ,
ಆಮೇಲೆ ತಾನೆ ಬೆಳಕು.

ಸೂತ್ರಗಳೆಲ್ಲ ಸರಿ. ಆದರೂ ಪ್ರತಿ ಸಲ
ನಕ್ಷತ್ರ ಅತಿಯಾಗಿ, ಗೆಲಾಕ್ಸಿ ಹಿಟ್ಟಿನ ಮುದ್ದೆ.
ಸಾಯುವ ನಕ್ಷತ್ರ ಎಷ್ಟು ಅನಿಲವನ್ನು ಹೊರಗೆ ಒದೆಯುತ್ತದೆ?
ಯಾವ ಸಮೀಕರಣವೂ ಹೇಳದ ಆ ಒಂದು ಅಂಕಿ
ಅವಳೇ ಕೈಯಾರೆ ಹಾಕಿದ್ದು.
ಹದಿನೇಳನೆಯ ಪುಟ, ಅಡಿಟಿಪ್ಪಣಿ.

ಅಪ್ಪ ಫ್ರೀಸ್‌ಲಾಂಡಿನ ಹಳ್ಳಿಯೊಂದರ ಕಾಲುವೆಗೆ
ಮಂಜಿನ ಮೇಸ್ತ್ರಿ.
ನಸುಕಿಗೇ ಕೊರೆದು, ಕಡ್ಡಿ ಇಳಿಸಿ, ಬರೆಯುತ್ತಿದ್ದ:
ಒಂಬತ್ತು ಸೆಂಟಿಮೀಟರ್. ಸಾಲದು.
ಸ್ಕೇಟು ಹೆಗಲಿಗೇರಿಸಿ ನಿಂತ ಊರು ಬಯ್ಯುತ್ತಿತ್ತು.
ಎಷ್ಟಾದರೆ ಸಾಕಪ್ಪ, ಎಂದರೆ
ಹಿಮ್ಮಡಿಯಿಂದ ಮಂಜುಗಡ್ಡೆ ತಟ್ಟಿ, ಕಿವಿಗೊಟ್ಟು,
‘ಹನ್ನೆರಡು. ಯಾಕೆಂದು ಕೇಳಬೇಡ.’

ನಿವೃತ್ತಿಯ ದಿನ ಕೇಕು ಕೊಯ್ಯುವಾಗ
ಹೊಸ ಹುಡುಗ ಯೆಲ್ಮರ್ ಅದನ್ನೇ ಕೇಳಿದ,
ಹದಿನೇಳನೆಯ ಪುಟ, ಆ ಅಂಕಿ ಎಲ್ಲಿಂದ ಬಂತು ಅಂತ.
ಅವಳು ಚಾಕು ಒರೆಸಿದಳು.
ಕಿಟಕಿಯಾಚೆ ಕಾಲುವೆ, ಈ ಜನವರಿಯಲ್ಲೂ ಬರೀ ನೀರು,
ಬಾತುಕೋಳಿ ಎರಡು.
‘ತಟ್ಟಿ ನೋಡಿದೆ. ತಡೆದೀತು ಅನ್ನಿಸಿತು.’
ಆಮೇಲೆ ದೊಡ್ಡ ತುಂಡೇ ಅವನ ತಟ್ಟೆಗೆ ಹಾಕುತ್ತ,
‘ನೀನೊಮ್ಮೆ ಅಳೆದು ನೋಡು.’