ಕೂಗಳತೆ

ಭದ್ರಾವತಿಯ ಹೊಳೆದಂಡೆಗೆ,
ಬಾಗಿಲು ಹಾಕಿದ ಕಾಗದದ ಕಾರ್ಖಾನೆಗೆ
ಮೆಹಜಬೀನ್ ಕ್ಯಾಮೆರಾ ತಂದಳು.
ನಾನು ಮೈಕು ಹಿಡಿಯುವವನು.
ಮೊದಲ ದಿನವೇ ಹೇಳಿಬಿಟ್ಟಳು:
ಯಾರನ್ನೂ ಅಳಿಸುವುದು ಬೇಡ,
ಗೋಡೆಗಳನ್ನು ಮಾತಾಡಿಸೋಣ.

ಗೋಡೆಗಳೆಲ್ಲ ಒಂದೇ ಥರ.
ಸರ್ಕಾರದ್ದು ಅಂದರೆ ನಮ್ಮದೇ ಎಂದು ನಂಬಿದ್ದ ಕಾಲದಲ್ಲಿ
ಯಾರೋ ಒಬ್ಬ ಇಂಜಿನಿಯರು
ಸಮಾನತೆಯನ್ನು ಇಂಚುಪಟ್ಟಿಯಲ್ಲಿ ಅಳೆದು ಕಟ್ಟಿದ್ದ:
ಒಂದು ಕೋಣೆ, ಒಂದು ಅಡುಗೆಮನೆ, ಜಾಲರಿಯ ಗವಾಕ್ಷಿ,
ಹಿಂದೆ ನಲ್ಲಿ, ಮುಂದೆ ಎರಡು ಮೆಟ್ಟಿಲು.
ಸಮಾನತೆಗೂ ನಾಲ್ಕು ದರ್ಜೆ ಇತ್ತು ಅನ್ನಿ.
ಎ ಟೈಪಿಗೆ ಪೋರ್ಟಿಕೋ,
ಡಿ ಟೈಪಿಗೆ ಪಕ್ಕದ ಮನೆಯ ಕೆಮ್ಮು.

ಲೂರ್ದಮ್ಮ ಹೇಳಿದ್ದು:
ಕರೆಂಟು ಹೋಗಿದ್ದ ಒಂದು ರಾತ್ರಿ ಎರಡನೇ ಪಾಳಿ ಮುಗಿಸಿ
ದಾದಾಪೀರ್ ತಮ್ಮ ಮನೆ ಅಂದುಕೊಂಡು ನಮ್ಮನೆಗೆ ಬಂದರು.
ಮೊಳೆಗೆ ಚೀಲ ಸಿಕ್ಕಿಸಿ ಕತ್ತಲಲ್ಲೇ ಕೂತರು.
ಮೊಳೆ ಕೂಡ ಅದೇ ಜಾಗದಲ್ಲಿತ್ತು, ನೋಡಿ.
ನಮ್ಮವರೇ ಅಂತ ಸಾರು ಬಡಿಸಿದೆ.
ಮೂರನೇ ತುತ್ತಿಗೆ ಅಂದರು, 'ಇವತ್ತು ಹುಳಿ ಜಾಸ್ತಿ.'
ಆಗ ಗೊತ್ತಾಯಿತು ಇಬ್ಬರಿಗೂ.

ಆಮೇಲೆ?

ಆಮೇಲೇನು,
ತಟ್ಟೆ ಖಾಲಿ ಮಾಡಿಯೇ ಎದ್ದರು.

ನಾಲ್ಕನೇ ದಿನ ಮೆಹಜಬೀನ್ ತಾನು ಹುಟ್ಟಿದ ಮನೆ ಹುಡುಕಿದಳು.
ಮುರಿದ ಬಾಗಿಲ ಹಿಂದೆ, ನೀಲಿ ಡಿಸ್ಟೆಂಪರಿನ ಮೇಲೆ
ಪೆನ್ಸಿಲಿನ ಹಾಲಿನ ಲೆಕ್ಕ:
ಕೊಟ್ಟ ದಿನಕ್ಕೆ ಗೀಟು, ತಪ್ಪಿದ ದಿನಕ್ಕೆ ಸೊನ್ನೆ.
ಅಮ್ಮನ ಗೀಟು, ಅಂದಳು. ಎಡಕ್ಕೆ ವಾಲುತ್ತವೆ, ನೋಡು.
ಬೆಳಕು ಸರಿಯುವ ತನಕ ಅದೊಂದನ್ನೇ ಚಿತ್ರಿಸಿದಳು,
ಒಂದೊಂದು ಗೀಟಿನ ಹತ್ತಿರ ಹೋಗಿ
ಉಸಿರು ಬಿಗಿಹಿಡಿದು.

ಕಾವಲಿನ ಹಾಲೇಶಪ್ಪ ಬೀಡಿ ಆರಿಸಿ ಬಂದು
ಸಂಕೋಚದಿಂದ ಅಂದ:
ಅಕ್ಕಾರೆ, ಇದು ನೂರಾ ನಲವತ್ತಾರು.
ನಿಮ್ಮದು ಎರಡು ಮನೆ ಆಚೆ,
ಹೋದ ವರ್ಷ ಸೂರು ಕೂತುಹೋಯಿತು.

ನಾನು ಮೈಕು ಇಳಿಸಲಿಲ್ಲ.
ಅವಳು ಲೆನ್ಸಿಗೆ ಮುಚ್ಚಳ ಹಾಕಲಿಲ್ಲ.
ತುಂಬ ಹೊತ್ತಾದ ಮೇಲೆ ಅಂದಳು:
ಈ ಹಾಲನ್ನೂ ಕುಡಿದಿರಬೇಕು ನಾನು.

ಉಳಿದದ್ದು ಸೈರನ್ನು.
ಹೊಳೆಯಾಚೆಯವರೂ ಒಲೆ ಹಚ್ಚುತ್ತಿದ್ದದ್ದು ಅದರ ಮೇಲೆ,
ಬಸ್ಸು ತಡವಾಯಿತೆಂದು ಬಯ್ಯುತ್ತಿದ್ದದ್ದು ಅದರ ಮೇಲೆ.
ಊರಿಗೆ ಕಲ್ಲು ನೆಟ್ಟು ಗಡಿ ಮಾಡಿರಲಿಲ್ಲ ಯಾರೂ;
ಕೂಗು ಕೇಳುವಷ್ಟು ದೂರ ಊರು, ಅದರಾಚೆ ಕಾಡು.
ಎಲ್ಲೂ ಅದರ ಧ್ವನಿಮುದ್ರಣ ಸಿಗಲಿಲ್ಲ.
ದಿನಾ ಮೂರು ಸಲ ಕೂಗುವುದನ್ನು
ಯಾರು ತಾನೆ ಹಿಡಿದಿಡುತ್ತಾರೆ?

ಸಂಘದ ಆಫೀಸಿನ ಮೆಟ್ಟಿಲಿಗೆ ಎಲ್ಲರನ್ನೂ ಕರೆಸಿದಳು.
ಮೇಲೆ ಗಾರೆಯ ಮುಷ್ಟಿ, ಬೆರಳು ಎರಡೇ ಉಳಿದಿವೆ.
ಕೂಗಿ, ಅಂದಳು. ನಿಮಗೆ ನೆನಪಿದ್ದ ಹಾಗೆ.

ಹಾಲೇಶಪ್ಪನದು ಹೊಟ್ಟೆಯ ಕೆಳಗಿನಿಂದ ಎದ್ದು
ಗಂಟಲಲ್ಲಿ ಒಡೆದು ಕೆಮ್ಮಾಯಿತು.
ಲೂರ್ದಮ್ಮನದು ತೆಳು;
ಅವಳು ಕೇಳಿದ್ದು ಅಡುಗೆಮನೆಯೊಳಗಿಂದಲ್ಲವೇ.
ರೇಷನ್ ಸೊಸೈಟಿಯ ನಿಂಗೋಜಿರಾವ್ ಮೂಗಿನಲ್ಲಿ ಊದಿದ.
ಹಾಗಿರಲೇ ಇಲ್ಲ, ಎಂದು ಜಗಳ ಎದ್ದು
ಟೀ ತರಿಸಬೇಕಾಯಿತು.

ಕೊನೆಗೆ ದಾದಾಪೀರ್.
ಎರಡನೇ ನಂಬರ್ ಯಂತ್ರ ತಿಂದ ಕಿವಿ ಅವರದು.
ನಮ್ಮ ತುಟಿ ನೋಡಿ ಅರ್ಥ ಮಾಡಿಕೊಂಡರು.
ಬಾಯಿ ತೆರೆಯಲಿಲ್ಲ.
ಗಡಿಯಾರವಿಲ್ಲದ ಮಣಿಕಟ್ಟು ನೋಡಿಕೊಂಡರು,
ಇಲ್ಲದ ಚೀಲವನ್ನು ಹೆಗಲಿಗೇರಿಸಿ
ಎದ್ದು ಗೇಟಿನ ಕಡೆಗೆ ನಡೆದರು,
ಸರಪಳಿ ಕೈಗೆ ಸಿಗುವ ತನಕ.

ನನ್ನ ಪಟ್ಟಿಯಲ್ಲಿ ಬರೆದುಕೊಂಡೆ:
ಟೇಕ್ ಹನ್ನೊಂದು. ದಾದಾಪೀರ್. ನಲವತ್ತು ಸೆಕೆಂಡು.
ಶಬ್ದ: ಇಲ್ಲ.

ಮೆಹಜಬೀನ್ ಇಣುಕಿ ನೋಡಿ, ಪೆನ್ನು ಇಸಿದುಕೊಂಡು
'ಇಲ್ಲ' ಎಂಬುದನ್ನು ಹೊಡೆದು ಹಾಕಿದಳು.
ಬೇರೆ ಏನೂ ಬರೆಯಲಿಲ್ಲ.